ಚಪ್ಪಲಿ ತಿರುಗಿಸಿಡುವ ಅಕ್ಕ

ಇನ್ನೂ ಪೂರ್ತಿ ಬೆಳಕು ಹರಿದಿಲ್ಲ. ರೈಲು ನಿಲ್ದಾಣದ ತಂಗುಕೋಣೆಯಲ್ಲಿ ಹತ್ತಾರು ಜನ ಬಾಯಿ ತೆರೆದು ಮಲಗಿದ್ದಾರೆ. ಗೊರಕೆ ಒಬ್ಬೊಬ್ಬರದು ಒಂದೊಂದು ಬಗೆ. ಬಾಗಿಲಲ್ಲಿ ನಿಂತ ಹೆಂಗಸು ಸೆರಗು ಸೊಂಟಕ್ಕೆ ಸಿಕ್ಕಿಸಿ, ತಗಡಿನ ಚೊಂಬಿನಿಂದ ಬೆಂಚಿನ ಕಾಲಿಗೆ ಠಣ್ ಅಂತ ಬಾರಿಸುತ್ತಾಳೆ. “ಏಳ್ರಪ್ಪಾ, ಏಳ್ರಮ್ಮಾ! ಗಾಡಿ ಬಂತು!” ಅರ್ಧ ಜನ ಏಳುತ್ತಾರೆ. ಉಳಿದವರಿಗೆ ಎರಡನೆಯ ಅಸ್ತ್ರ. “ಅಯ್ಯೋ, ಗಾಡಿ ಹೋಯ್ತು!” ಈಗ ಎಲ್ಲರೂ ಎದ್ದುಬಿದ್ದು ಚಪ್ಪಲಿಗೆ ಕಾಲು ತೂರಿಸುತ್ತಾರೆ.

ಊರಿನವರ ಬಾಯಲ್ಲಿ ಈಕೆ ‘ಎಬ್ಬಿಸೋ ಅಕ್ಕ’. ಕಾಗದದ ಮೇಲಿನ ಕೆಲಸ ತಂಗುಕೋಣೆ ಗುಡಿಸಿ ಒರೆಸುವುದು. ಎಬ್ಬಿಸುವುದು ತಾನಾಗಿ ಮೈಮೇಲೆ ಎಳೆದುಕೊಂಡದ್ದು. “ಮಲಗಿದವರ ಸುತ್ತ ಗುಡಿಸೋದು ಹೇಗೆ ಹೇಳಿ? ಎಬ್ಬಿಸಿದ್ರೆ ತಾನೇ ಕಸ ಸಿಗೋದು!” ಎನ್ನುತ್ತಾಳೆ. ಮನೆಯಲ್ಲಿ ಗಂಡನನ್ನು ಎಬ್ಬಿಸುವುದೂ ಇವಳೇನಾ ಎಂದರೆ ಮುಖ ಗಂಟಿಕ್ಕುತ್ತಾಳೆ. “ಅದು ಮನುಷ್ಯರ ಕೈಲಾಗೋ ಕೆಲಸ ಅಲ್ಲ.”

ಈ ನಿಲ್ದಾಣದ ಹುಟ್ಟಿನಲ್ಲೇ ಒಂದು ಎಡವಟ್ಟಿದೆ. ಹಳಿ ಹಾಕುವ ಕಾಲಕ್ಕೆ ಊರಿನ ಹಿರೀಕರು, ರೈಲಿನ ಸದ್ದಿಗೆ ಮಧ್ಯಾಹ್ನದ ನಿದ್ದೆ ಕೆಡುತ್ತದೆ ಎಂದು ಹಟ ಹಿಡಿದು ಅದನ್ನು ಊರಾಚೆ ಬಹುದೂರಕ್ಕೆ ಓಡಿಸಿದರಂತೆ. ಅವರು ಸುಖವಾಗಿ ನಿದ್ದೆ ಮಾಡಿ ಹೋದರು. ಮೊಮ್ಮಕ್ಕಳು ಮಾತ್ರ ಬೆಳಗಿನ ಗಾಡಿ ಹಿಡಿಯಲು ಹಿಂದಿನ ಸಂಜೆಯ ಬಸ್ಸಿಗೇ ಬಂದು ಇಲ್ಲಿ ಮಲಗಬೇಕು. ಒಂದು ಕಾಲಕ್ಕೆ ಚಹಾದ ಅಂಗಡಿ ಇತ್ತು, ಮುಚ್ಚಿತು. ತೂಕದ ಯಂತ್ರ ಈಗಲೂ ಇದೆ. ಯಾರು ಹತ್ತಿದರೂ ಒಂದೇ ತೂಕ ತೋರಿಸುವುದರಿಂದ ದಪ್ಪಗಿರುವವರಿಗೆಲ್ಲ ಅದರ ಮೇಲೆ ಬಲು ಪ್ರೀತಿ. ನಿಜವಾಗಿ ಉಪಯೋಗಕ್ಕೆ ಬರುವುದು ಒಂದು ನಲ್ಲಿ ಮತ್ತು ಈ ತಂಗುಕೋಣೆ.

ಕೋಣೆ ಇರುವುದು ಎರಡು ಹಳಿಗಳ ನಡುವೆ. ಪೂರ್ವದ ಬಾಗಿಲಾಚೆ ಬಂದರಿಗೆ ಹೋಗುವ ಗಾಡಿ, ಪಶ್ಚಿಮದ ಬಾಗಿಲಾಚೆ ದೊಡ್ಡ ಪೇಟೆಗೆ ಹೋಗುವ ಗಾಡಿ. ಮುಂದೆ ಇರುವುದು ಒಂದೇ ಹಳಿಯಾದ್ದರಿಂದ ಎರಡೂ ಇಲ್ಲೇ ಒಂದನ್ನೊಂದು ದಾಟಬೇಕು, ಅದೂ ಬೆಳಗಿನ ಒಂದೇ ಹೊತ್ತಿಗೆ. ನಿದ್ದೆಗಣ್ಣಿನವರಿಗೆ ಪೂರ್ವ ಯಾವುದು, ಪಶ್ಚಿಮ ಯಾವುದು? ಅದಕ್ಕೇ ಅಕ್ಕನದೊಂದು ಉಪಾಯ. ಮಲಗುವ ಮುಂಚೆ ಎಲ್ಲಿಗೆ ಎಂದು ಕೇಳಿಕೊಂಡು, ಅವರು ಮಲಗಿದ ಮೇಲೆ ಚಪ್ಪಲಿಗಳನ್ನು ಆಯಾ ಬಾಗಿಲ ಕಡೆಗೆ ಮೂತಿ ಮಾಡಿ ತಿರುಗಿಸಿಡುತ್ತಾಳೆ. “ತಲೆಗೆ ಎಚ್ಚರ ಆಗೋಕೆ ಹೊತ್ತು ಬೇಕು. ಕಾಲಿಗೆ ಬೇಡ. ಚಪ್ಪಲಿ ಎತ್ತ ನೋಡುತ್ತೋ ಕಾಲು ಅತ್ತ ಹೋಗುತ್ತೆ.”

ಇಷ್ಟು ವರ್ಷದಲ್ಲಿ ಈ ಲೆಕ್ಕ ತಪ್ಪಿದ್ದು ಒಂದೇ ಸಲ. ಆ ಕಥೆ ಹೇಳುವಾಗ ಅಕ್ಕ ಈಗಲೂ ಬಾಯಿಗೆ ಸೆರಗು ಅಡ್ಡ ಹಿಡಿಯುತ್ತಾಳೆ.

ಕಳೆದ ಬೇಸಿಗೆಯಲ್ಲಿ ಮೇಲಿನ ಕಚೇರಿಯಿಂದ ಒಬ್ಬ ಸಾಹೇಬರು ಬಂದರು. ನಿಲ್ಲುವುದೇ ನಾಲ್ಕು ಗಾಡಿ, ಇಷ್ಟು ದೊಡ್ಡ ಕೋಣೆ ಯಾಕೆ, ರಾತ್ರಿ ಇಲ್ಲೇ ಮಲಗಿದ್ದು ಬೆಳಗ್ಗೆ ಬೀಗ ಜಡಿದು ಹೋಗುತ್ತೇನೆ ಎಂದರು. ಬೀಗವನ್ನೂ ಚೀಲದಲ್ಲಿ ತಂದಿದ್ದರು, ತೆಂಗಿನಕಾಯಿ ಗಾತ್ರದ್ದು. ಕೋಣೆ ಹೋದರೆ ಅಕ್ಕನ ಕೆಲಸವೂ ಹೋಗುತ್ತದೆ. ಅವಳು ಕೇಳಿದ್ದು ಮಾತ್ರ ಬೇರೆ. “ನನ್ನ ಕೆಲಸ ಬಿಡಿ, ಎಲ್ಲಾದ್ರೂ ಪಾತ್ರೆ ತಿಕ್ಕೇನು. ಈ ಜನ ಎಲ್ಲಿ ಮಲಗಬೇಕು? ಹಳಿ ಮೇಲಾ?”

ಕೋಣೆ ಚೆಂದ ಕಂಡರೆ ಸಾಹೇಬರ ಮನಸ್ಸು ಕರಗೀತೆಂದು ನೆಲ ತಿಕ್ಕಿದಳು, ಗಾಜು ಒರೆಸಿದಳು. ಎಲ್ಲರೂ ಮಲಗಿದ ಮೇಲೆ, ಅತ್ತೊಂದು ಇತ್ತೊಂದು ಮೂತಿ ಮಾಡಿ ಬಿದ್ದಿದ್ದ ಚಪ್ಪಲಿಗಳು ಕಣ್ಣಿಗೆ ಚುಚ್ಚಿದವು. ಎಲ್ಲವನ್ನೂ ಸಾಲಾಗಿ, ಶಿಸ್ತಾಗಿ ಜೋಡಿಸಿದಳು. ಸಾಹೇಬರ ಬೂಟುಗಳಿಗೆ ಸಾಲಿನ ಮುಂದೆ ಜಾಗ. ಎಲ್ಲವೂ ಪೂರ್ವಕ್ಕೆ ಮುಖ!

ಬೆಳಗ್ಗೆ ಚೊಂಬು ಬಾರಿಸಿದ್ದೇ ತಡ, ಇಡೀ ಕೋಣೆ ಎದ್ದು, ಕಾಲಿಗೆ ಸಿಕ್ಕಿದ್ದನ್ನು ಮೆಟ್ಟಿ, ಪೂರ್ವದ ಬಾಗಿಲಿನಿಂದ ನಡೆದುಹೋಯಿತು. ದೊಡ್ಡ ಪೇಟೆಗೆ ಹೋಗಬೇಕಿದ್ದ ಸಾಹೇಬರಿಗೆ ಚೀಲ ಕೈಯಲ್ಲಿದ್ದರೂ ಬೀಗ ಜಡಿಯುವ ನೆನಪಾಗಲಿಲ್ಲ. “ಹತ್ತಲಾರದೆ ತಡವರಿಸ್ತಿದ್ರು, ಪಾಪ. ಸೊಂಟಕ್ಕೆ ಕೈ ಕೊಟ್ಟು ನಾನೇ ಒಳಗೆ ದಬ್ಬಿದೆ!” ಎನ್ನುತ್ತಾಳೆ ಅಕ್ಕ. ಗಾಡಿ ಹೋಯಿತು. ತಿರುಗಿ ನೋಡಿದರೆ ಪಶ್ಚಿಮದ ಗಾಡಿಯ ಗಾರ್ಡು ಬಾಗಿಲಲ್ಲಿ ಇಣುಕಿ, “ಏನಕ್ಕಾ, ಇವತ್ತು ಊರೆಲ್ಲಾ ಬಂದರಿಗೇ ಹೊರಟಿತಾ?” ಎಂದ. ಆಗ ಅಕ್ಕನಿಗೆ ಚಪ್ಪಲಿಯ ಸಾಲು ನೆನಪಾಯಿತು.

ತಪ್ಪು ಗಾಡಿ ಹತ್ತಿದವರಿಗೆ ಎಚ್ಚರವಾದದ್ದು ಮುಂದಿನ ನಿಲ್ದಾಣದಲ್ಲಿ. ಅಲ್ಲಿ ಇರುವುದು ಒಂದು ನಾಮಫಲಕ, ಒಂದು ಜಾಲಿ ಮರ. ಮಾಡು ಇಲ್ಲ, ಬೆಂಚಿಲ್ಲ, ನಲ್ಲಿ ಇಲ್ಲ. ಮರದ ನೆರಳೆಂಬುದು ಒಂದು ಮೇಕೆಗೆ ಸಾಕಾಗುವಷ್ಟು, ಆ ಮೇಕೆ ಮೊದಲೇ ಬಂದು ಕೂತಿತ್ತು. ಸಾಹೇಬರು, ತಮ್ಮಂತೆಯೇ ತಪ್ಪಿ ಬಂದಿದ್ದ ಮೊಟ್ಟೆ ಮಾರುವ ಅಜ್ಜಿಯೊಬ್ಬಳ ಬುಟ್ಟಿಯ ಮುಚ್ಚಳವನ್ನು ತಲೆಯ ಮೇಲೆ ಹಿಡಿದು, ಬೀಗದ ಚೀಲದ ಮೇಲೆ ಕೂತರು. ಬೀಗ ಚುಚ್ಚಿದಾಗಲೆಲ್ಲ ಮಗ್ಗುಲು ಬದಲಿಸುತ್ತಿದ್ದರು. ಅಜ್ಜಿ ಮಾತ್ರ ಬಿಡಲಿಲ್ಲ. “ನೋಡಪ್ಪಾ, ಕೋಣೆ ಇಲ್ಲದಿದ್ರೆ ಹೀಗೇ. ನಿನಗೆ ಈಗ ಅಭ್ಯಾಸ ಆಯ್ತಲ್ಲ ಬಿಡು.”

ಮಧ್ಯಾಹ್ನ ಇತ್ತ ಬರುವ ಪುಟ್ಟ ಗಾಡಿ ನಮ್ಮ ನಿಲ್ದಾಣದಲ್ಲೇ ಕೊನೆಯಾಗುತ್ತದೆ. ಅದರಿಂದ ಇಳಿದ ಸಾಹೇಬರ ಮುಖ ಕೆಂಡದಂತಿತ್ತು, ಅರ್ಧ ಬಿಸಿಲಿಗೆ, ಅರ್ಧ ಸಿಟ್ಟಿಗೆ. ಅಕ್ಕ ಕೈಮುಗಿದು ನಿಂತಿದ್ದಳು. “ತಪ್ಪು ನಂದೇ ಸಾರ್. ಕೋಣೆ ಚೆನ್ನಾಗಿ ಕಾಣಲಿ ಅಂತ ಚಪ್ಪಲಿ ಜೋಡಿಸ್ಬಿಟ್ಟೆ.” ಸಾಹೇಬರು ನಲ್ಲಿಗೆ ಬಾಯಿಟ್ಟು ಗಟಗಟ ನೀರು ಕುಡಿದರು. ತಣ್ಣಗಿದ್ದ ಕೋಣೆಯೊಳಗೆ ಬಂದು ಬೂಟು ಬಿಚ್ಚಿ ಬೆಂಚಿನ ಮೇಲೆ ಉದ್ದಕ್ಕೆ ಬಿದ್ದುಕೊಂಡರು. ಕಣ್ಣು ಮುಚ್ಚಿಕೊಂಡೇ, “ಸಂಜೆ ಪೇಟೆ ಗಾಡಿಗೆ ಎಬ್ಬಿಸಮ್ಮ,” ಎಂದರು. ಆಚೆ ಮಗ್ಗುಲಿಗೆ ಹೊರಳಿ, “ಬೂಟು ತಿರುಗಿಸಿಡೋದು ಮರೀಬೇಡ,” ಎಂದರು.

ಸಾಹೇಬರು ಬೀಗವನ್ನು ಇಲ್ಲೇ ಬಿಟ್ಟುಹೋದರು. ಕೋಣೆ ಮುಚ್ಚುವ ಮಾತನ್ನು ಆಮೇಲೆ ಯಾರೂ ಎತ್ತಿಲ್ಲ. ಗಾಳಿಗೆ ಪಶ್ಚಿಮದ ಬಾಗಿಲು ಬಡಿದುಕೊಳ್ಳದಂತೆ ಅಕ್ಕ ಆ ಬೀಗವನ್ನೇ ಅಡ್ಡ ಇಟ್ಟಿದ್ದಾಳೆ. ಬಾಗಿಲು ತೆರೆದಿಡಲು ಅಷ್ಟು ಒಳ್ಳೆಯ ಬೀಗ ಇನ್ನೊಂದಿಲ್ಲವಂತೆ.

ಇಷ್ಟು ಜನರನ್ನು ರೈಲು ಹತ್ತಿಸಿದ ಅಕ್ಕ ತಾನು ಮಾತ್ರ ಒಮ್ಮೆಯೂ ಹತ್ತಿಲ್ಲ. ಬೆಳಗಿನ ಎರಡು ಗಾಡಿಗಳೂ ಹೊರಟುಹೋಗಿವೆ. ಕೋಣೆ ಖಾಲಿ. ಪೊರಕೆ ಗೋಡೆಗೆ ಒರಗಿಸಿ, ಆಸೆ ಏನಾದರೂ ಉಂಟೇ ಎಂಬ ಪ್ರಶ್ನೆಗೆ ಹೊಸ ಮದುವಣಗಿತ್ತಿಯ ಹಾಗೆ ನಾಚುತ್ತಾಳೆ.

“ಒಂದು ದಿನ ನಾನೂ ಈ ಬೆಂಚಿನ ಮೇಲೆ ಚೆನ್ನಾಗಿ ನಿದ್ದೆ ಹೊಡೀಬೇಕು. ಯಾರಾದ್ರೂ ಬಂದು ನನ್ನ ಚಪ್ಪಲಿ ತಿರುಗಿಸಿಡಬೇಕು. ಯಾವ ಬಾಗಿಲ ಕಡೆಗಾದ್ರೂ ಆಗಲಿ, ನಾನೇನೂ ಬೇಜಾರು ಮಾಡ್ಕೊಳ್ಳಲ್ಲ.”