ಎಂಟು ಸುತ್ತು ಬಾಕಿ ಇದ್ದಾಗ

ಕಳೆದ ವಾರ ಘಾಟ್ಕೋಪರ್ ಸ್ಟೇಷನ್ ಹೊರಗಿನ ಪಂಕ್ಚರ್ ಅಂಗಡಿ ದಾಟುವಾಗ ಕಾದ ರಬ್ಬರಿನ ವಾಸನೆ ಮೂಗಿಗೆ ಬಡಿಯಿತು. ಟ್ಯಾಕ್ಸಿ ಕಾಕಾ ನೆನಪಾದರು…

ನಮ್ಮ ಚಾಳಿನ ಕೊನೆಯ ಖೋಲಿಯವರು, ಬಿಜಾಪುರದ ಕಡೆಯವರು. ಇಪ್ಪತ್ತು ವರ್ಷ ಟ್ಯಾಕ್ಸಿ ಓಡಿಸಿದವರು. ಲಾರಿಯೊಂದು ಗುದ್ದಿ ಬಲಗಾಲು ಮೊಣಕಾಲಿನಿಂದ ಕೆಳಗೆ ಹೋಗಿತ್ತು. ಇನ್ನು ಸುಮ್ಮನೆ ಮನೆಯಲ್ಲಿ ಕೂತಿರಿ ಎಂದು ಎಲ್ಲರೂ ಹೇಳುವವರೇ.

ತೊಂಬತ್ತರ ದಶಕದ ಶುರು. ನಾನು ಪಕ್ಕದ ಬೀದಿಯ ಕಂಪ್ಯೂಟರ್ ಕ್ಲಾಸಿನಲ್ಲಿ ಕಲಿಸುತ್ತಿದ್ದೆ. ಒಂದು ಸಂಜೆ ಮಗಳನ್ನು ಕರೆದೊಯ್ಯಲು ಊರುಗೋಲೂರಿ ಬಂದ ಕಾಕಾ, ವಿದ್ಯಾರ್ಥಿಗಳು ಕಂಪ್ಯೂಟರಿನಲ್ಲಿ ಆಡುತ್ತಿದ್ದ ಅಮೆರಿಕದ ಸ್ಟಾಕ್ ಕಾರ್ ರೇಸ್ ನೋಡುತ್ತ ನಿಂತರು. ಮೊಟ್ಟೆಯಾಕಾರದ ರಸ್ತೆ, ಹೊರಬದಿಗೆ ಗೋಡೆ, ಸುತ್ತಿದಷ್ಟೂ ಎಡಕ್ಕೇ ತಿರುವು.

"ಅಕ್ಕೋರ, ಇದಕ್ಕ ಕಾಲು ಬೇಕೇನ್ರಿ?"

"ಬೇಡ ಕಾಕಾ. ಬೆರಳು ಸಾಕು."

ಅಂದಿನಿಂದ ಕ್ಲಾಸ್ ಮುಗಿದ ಮೇಲೆ ದಿನಾ ಕೂತರು. ಮೂರನೆಯ ಸಂಜೆ ಥಟ್ಟನೆ ಹೇಳಿದರು: "ಬಲಗಡಿ ಟೈರ ಸವದಾವ್ರಿ. ಗಾಡಿ ಗ್ವಾಡಿ ಕಡೆ ಜಗ್ಗಾಕತ್ತೈತಿ." ನಾನು ನಕ್ಕೆ. ಆಮೇಲೆ ಟೈರಿನ ಸ್ಥಿತಿ ತೋರಿಸುವ ಪರದೆ ತೆರೆದು ನೋಡಿದರೆ, ಸವೆದಿದ್ದವು! ಗಾಡಿ ಬಲ್ಲವರ ಕೈಗೆ ಆ ಆಟ ನಿಜವಾದ ಗಾಡಿಯಂತೆಯೇ ಉತ್ತರ ಕೊಡುತ್ತಿತ್ತು.

ಕಾಕಾ ದಿನಾ ಆಡುವ ಸುದ್ದಿ ತಿಳಿದು ಒಂದು ಸಂಜೆ ಕ್ಲಾಸಿನ ಮಾಲೀಕರು ಬಂದೇಬಿಟ್ಟರು. "ಎಂಥ ಟೀಚರ್ ಇದು? ಲಂಗಡಾ ಮನುಷ್ಯನಿಗೆ ಎಂಥ ಡ್ರೈವಿಂಗ್? ಗೇಮ್ ಡಿಲೀಟ್ ಮಾಡಿ, ಈಗಲೇ."

ಕಾಕಾ ಪರದೆಯಿಂದ ಕಣ್ಣು ಕೀಳಲಿಲ್ಲ. "ಸೇಠ್, ಇನ್ನ ಎಂಟ ಸುತ್ತ ಅದಾವ. ಮುಗಸಲಾರ್ದ ಏಳಂಗಿಲ್ಲ."

ಮಾಲೀಕರ ಕೈ ಸ್ವಿಚ್ಚಿನತ್ತ ಹೋಯಿತು. ನಾನು ಅಡ್ಡ ನಿಂತೆ. ಎಂಟು ಸುತ್ತು ಮುಗಿಯುವವರೆಗೂ ಸರಿಯಲಿಲ್ಲ. ಕಾಕಾ ಏಳನೆಯವರಾಗಿ ರೇಸ್ ಮುಗಿಸಿ, ಊರುಗೋಲು ಎತ್ತಿಕೊಂಡು, ಮಾಲೀಕರ ಮುಖವನ್ನೂ ನೋಡದೆ ಹೊರಟರು. ಅಂದೇ ನನ್ನ ಕೆಲಸ ಹೋಯಿತು. ಆಟವನ್ನು ಮೊದಲೇ ಫ್ಲಾಪಿಗಳಿಗೆ ಇಳಿಸಿಕೊಂಡಿದ್ದೆ.

ಮರುವರ್ಷ ಕಾಕಾ ಕುರ್ಲಾದ ಗ್ಯಾರೇಜೊಂದರಲ್ಲಿ ತಮ್ಮ ಹಳೆಯ ಗಾಡಿಗೆ ಕೈಯಲ್ಲೇ ಒತ್ತುವ ಬ್ರೇಕು, ಆಕ್ಸಿಲರೇಟರು ಕೂಡಿಸಿದರು. ಚಾಳಿನವರು ಬಾಯಿ ಬಿಟ್ಟು ನೋಡುತ್ತಿದ್ದಂತೆ ನನ್ನನ್ನು ಮಾಟುಂಗಕ್ಕೆ ಕರೆದೊಯ್ದು, ದೋಸೆ ತಿನ್ನಿಸಿ ವಾಪಸ್ ತಂದು ಬಿಟ್ಟರು.

ಅವರು ತೀರಿಕೊಂಡು ಬಹಳ ವರ್ಷವಾಯಿತು… ಆ ಆಟವನ್ನು ನಾನಿನ್ನೂ ಆಡುತ್ತೇನೆ. "ಕ್ಯಾ ಮಮ್ಮಿ, ಎಷ್ಟು ಹಳೇದು!" ಎಂದು ಮಗ ನಗುತ್ತಾನೆ. ನಗಲಿ. ಹೊಸವನ್ನೂ ಆಡಿ ನೋಡಿದ್ದೇನೆ. ಚೆಂದ ಇವೆ, ಆದರೆ ತಪ್ಪಿದವರನ್ನು ಬೇಗ ಕ್ಷಮಿಸಿಬಿಡುತ್ತವೆ. ನನಗೆ ಹಳೆಯದೇ ಆಗಬೇಕು. ಚೆನ್ನಾಗಿ ಓಡಿಸಿದ ದಿನ ಮಾತ್ರ, ಹೇಳಿಕೊಳ್ಳಲು ಪಕ್ಕಕ್ಕೆ ತಿರುಗುತ್ತೇನೆ. ಅಲ್ಲಿ ಯಾರೂ ಇರುವುದಿಲ್ಲ.