ಹನ್ನೊಂದು ಮನೆಗಳ ಹೆಸರು ಬರೆದವಳು

ದರ್ಜಿ ಅಕ್ಕನ ತುಟಿಗಳ ನಡುವೆ ಯಾವಾಗಲೂ ನಾಲ್ಕೈದು ಗುಂಡುಸೂಜಿಗಳಿರುತ್ತಿದ್ದವು, ತಲೆಗಳಷ್ಟೇ ಹೊರಗೆ ಕಾಣುವಂತೆ. ಅವುಗಳನ್ನು ಕಚ್ಚಿಕೊಂಡೇ ಮಾತಾಡುತ್ತಿದ್ದಳು, ಕಚ್ಚಿಕೊಂಡೇ ನಗುತ್ತಿದ್ದಳು. ಹೊಸ ಗಿರಾಕಿಗಳು ನೋಡಿ ಗಾಬರಿಯಾಗುತ್ತಿದ್ದರು. ಐದು ವರ್ಷದಲ್ಲಿ ಒಂದು ಸೂಜಿಯೂ ಅವಳಿಗೆ ಚುಚ್ಚಿದ್ದನ್ನು ನಾನು ಕಂಡಿಲ್ಲ.

ಕೊಲ್ಲಿ ದೇಶದ ಈ ಊರಿನ ಮಾಹೂಝ್ ಬಡಾವಣೆಯಲ್ಲಿ ನಾನು ಕೆಲಸ ಮಾಡುವ ಟೈಪಿಂಗ್ ಅಂಗಡಿಗೂ ಅವಳ ಹೊಲಿಗೆ ಅಂಗಡಿಗೂ ನಡುವೆ ಇದ್ದದ್ದು ಒಂದು ತೆಳು ಹಲಗೆಯ ಗೋಡೆ. ಅವಳ ಮಿಷನ್ನಿನ ಸದ್ದು ನನಗೆ, ನನ್ನ ಜೆರಾಕ್ಸಿನ ಸದ್ದು ಅವಳಿಗೆ. ಆಸ್ಪತ್ರೆಯವರ, ಹೋಟೆಲಿನವರ ಸಮವಸ್ತ್ರಗಳನ್ನು ಬಿಗಿ ಮಾಡಿ, ಸಡಿಲ ಮಾಡಿ ಕೊಡುವುದು ಅವಳ ಕೆಲಸ. ನನ್ನನ್ನು ಮಿಸ್ಟರ್ ಪೇಪರ್ ಎಂದು ಕರೆಯುತ್ತಿದ್ದಳು. ನಾನು ಅವರ ಕಡೆಯ ರೂಢಿಯಂತೆ ಆತೆ, ಅಂದರೆ ಅಕ್ಕ, ಎನ್ನುತ್ತಿದ್ದೆ. ನಮ್ಮ ಮಾತು ಅರ್ಧ ಇಂಗ್ಲಿಷು, ಅರ್ಧ ಅಂಗಡಿ ಹಿಂದಿ.

ಫಿಲಿಪೀನ್ಸಿನವಳು ಎಂದರೆ ಅವಳಿಗೆ ಪೂರ್ತಿ ಒಪ್ಪಿಗೆಯಾಗುತ್ತಿರಲಿಲ್ಲ. ಉತ್ತರದ ಬೆಟ್ಟದವಳು ಎಂದು ಸೇರಿಸುತ್ತಿದ್ದಳು. ಅಲ್ಲಿಯ ಮೂಲನಿವಾಸಿಗಳು ಅವಳ ಜನ. ಬೆಟ್ಟದ ಮೈಗೆ ಕಲ್ಲು ಕಟ್ಟಿ ಮೆಟ್ಟಿಲು ಮೆಟ್ಟಿಲಾಗಿ ಭತ್ತ ಬೆಳೆಯುವವರು. ಮನಿಲಾದವರು ಚಿಕ್ಕಂದಿನಲ್ಲಿ ಅವಳನ್ನು ಬಾಲ ಇದೆಯಾ ಎಂದು ಕೇಳುತ್ತಿದ್ದರಂತೆ. ಇಲ್ಲಿ ಬಂದ ಮೇಲೂ ಅವರ ದೇಶದ ಒಬ್ಬ ಹುಡುಗಿ ಅದನ್ನೇ ಕೇಳಿದಳಂತೆ. "ಇದೆ, ಒಗೆದು ಒಣಗಲು ಹಾಕಿದ್ದೇನೆ ಅಂದೆ," ಎಂದು ಸೂಜಿಗಳ ನಡುವಿನಿಂದ ಹೇಳಿದ್ದಳು.

ಅವರ ಊರಿನ ಒಂದು ಪದ್ಧತಿಯನ್ನು ಇಲ್ಲಿ ಹೇಳಲೇಬೇಕು. ಊಟದ ಕೂಟವಾದರೆ ಮಾಂಸದ ಪಾಲು ಊರಿನ ಪ್ರತಿ ಮನೆಗೂ ಹೋಗಬೇಕು. ಬಂದವರಿಗೂ ಪಾಲು, ಬಾರದವರಿಗೂ ಪಾಲು. ಅದಕ್ಕಾಗಿ ಊಟಕ್ಕೆ ಮುಂಚೆ ಮನೆಗಳ ಹೆಸರನ್ನು ಹಿಂದೆ ಕೂಗುತ್ತಿದ್ದರು, ಈಗ ಬರೆದುಕೊಳ್ಳುತ್ತಾರೆ. ಒಂದು ಮನೆ ಬಿಟ್ಟುಹೋದರೆ ಅದು ತಲೆಮಾರು ಮರೆಯದ ಅವಮಾನ.

ಒಂದು ದಿನ ಅವರ ದೇಶದವನೇ ಒಬ್ಬ, ಇಸ್ತ್ರಿ ಮಾಡಿದ ಅಂಗಿಯವನು, ನಮ್ಮ ಅಂಗಡಿಗೆ ಬಂದು ಒಂದು ಹಾಳೆಯನ್ನು ಐವತ್ತು ಪ್ರತಿ ಮಾಡಿಸಿಕೊಂಡ. ಮೂರು ಕಾಲಂಗಳು: ಹೆಸರು, ಊರು, ಸಹಿ. ಮೇಲೆ ಖಾಲಿ. ಮೊದಲ ಪ್ರತಿ ಓರೆಯಾಗಿ ಬಂತು, ರದ್ದಿಗೆ ಹಾಕಿದೆ. ಆ ವಾರವೇ ಜುಫೈರ್‌ನ ಒಂದು ಫ್ಲಾಟಿನಲ್ಲಿ ಬೆಟ್ಟದವರಿಗೆಲ್ಲ ಅವನು ಊಟ ಹಾಕಿದ. ಹಂದಿಮಾಂಸ, ಕೆಂಪಕ್ಕಿಯ ಅನ್ನ. ಊಟಕ್ಕೆ ಮುಂಚೆ ಹಾಳೆಗಳನ್ನು ಹಂಚಿದ. ಪಾಲಿನ ಪಟ್ಟಿಯೆಂದುಕೊಂಡು ದರ್ಜಿ ಅಕ್ಕ ತನ್ನ ಹೆಸರು ಬರೆದಳು. ಆಮೇಲೆ ಊರಿನ ಹನ್ನೊಂದು ಮನೆಗಳ ಹೆಸರು ಬರೆದು, ಪ್ರತಿಯೊಂದರ ಎದುರೂ ತಾನೇ ಸಹಿ ಹಾಕಿದಳು. ಯಾರನ್ನೂ ಬಿಡಬಾರದಲ್ಲ.

ಎರಡು ತಿಂಗಳಾದ ಮೇಲೆ ಅವಳು ನನ್ನ ಮೇಜಿನೆದುರು ಬಂದು ನಿಂತಳು. ಬಾಯಿಂದ ಸೂಜಿಗಳನ್ನು ಒಂದೊಂದಾಗಿ ತೆಗೆದು ಅಂಗೈಯಲ್ಲಿಟ್ಟುಕೊಂಡಳು. ಫೋನು ತೋರಿಸಿದಳು. ಊರಿನಿಂದ ಅವಳ ತಮ್ಮ ಕಳಿಸಿದ ಚಿತ್ರ. ಅದೇ ಹಾಳೆ, ಅವಳದೇ ಕೈಬರಹ. ಮೇಲೆ ಈಗ ಮೂರು ಸಾಲು ಅಚ್ಚಾಗಿತ್ತು: ನಮ್ಮ ಹೊಳೆಗೆ ಅಣೆಕಟ್ಟು ಕಟ್ಟಲು ಈ ಕೆಳಗಿನ ಮನೆಗಳವರು ಒಪ್ಪಿದ್ದೇವೆ.

ಮೂಲನಿವಾಸಿಗಳ ಒಪ್ಪಿಗೆಯಿಲ್ಲದೆ ಅವರ ನೆಲ ಮುಟ್ಟಬಾರದೆಂದು ಅಲ್ಲಿ ಕಾನೂನಿದೆಯಲ್ಲ ಎಂದೆ. ಅವಳೇ ಹಿಂದೆ ಹೇಳಿದ್ದಳು.

"ಕಾನೂನು ಇದೆ. ಅದಕ್ಕೇ ಅವರಿಗೆ ನಮ್ಮ ಸಹಿ ಬೇಕಾದದ್ದು."

ಅವಳ ತಮ್ಮ ಅಣೆಕಟ್ಟಿನ ವಿರುದ್ಧ ಮಾತಾಡುವವನು. ಅವನ ಫೋಟೋವನ್ನು ಪೇಟೆಯ ಗೋಡೆಗೆ ಅಂಟಿಸಿ, ಕೆಳಗೆ ದೇಶದ್ರೋಹಿ ಎಂದು ಯಾರೋ ಬರೆದಿದ್ದರು. ಹಾಗೆ ಗೋಡೆಯ ಮೇಲೆ ಫೋಟೋ ಬಂದವರಲ್ಲಿ ಇಬ್ಬರು ಮನೆಗೆ ಮರಳಿರಲಿಲ್ಲ. ನಿಮ್ಮಕ್ಕನೇ ಸಹಿ ಹಾಕಿದ್ದಾಳೆ, ನಿನ್ನದೇನು ತಕರಾರು ಎಂದು ಈಗ ಅವನನ್ನು ಕೇಳುತ್ತಿದ್ದರು.

ನಾನು ರದ್ದಿ ಕಾಗದದ ಕಟ್ಟು ಬಿಚ್ಚಿ ಹುಡುಕಿದೆ. ಓರೆಯಾದ ಆ ಪ್ರತಿ ಸಿಕ್ಕಿತು. ಮೇಲೆ ಖಾಲಿ. ಅವಳು ಅದನ್ನು ಬೆಳಕಿಗೆ ಹಿಡಿದು ನೋಡಿದಳು. ನಡೆದದ್ದನ್ನು ಟೈಪು ಮಾಡಿಕೊಡು, ಪ್ರತಿ ಮಾಡಿದವನು ನಾನು, ಮೇಲೆ ಏನೂ ಬರೆದಿರಲಿಲ್ಲ ಎಂದು ಸಾಕ್ಷಿಯಾಗಿ ಸಹಿ ಹಾಕು ಎಂದು ಕೇಳಿದಳು. ಟೈಪು ಅಲ್ಲಿಯೇ ಮಾಡಿದೆ. ಸಹಿ ನಾಳೆ ಹಾಕುತ್ತೇನೆ ಎಂದೆ.

ಮರುದಿನ ಬೆಳಿಗ್ಗೆ ಇಸ್ತ್ರಿ ಅಂಗಿಯವನು ಬಂದ. ತುಂಬ ಮರ್ಯಾದೆಯಿಂದ, ಆ ಹಾಳೆಯದು ಹೆಚ್ಚುವರಿ ಪ್ರತಿ ಏನಾದರೂ ಉಳಿದಿದೆಯೇ ಎಂದು ಕೇಳಿದ. ಇಲ್ಲ ಎಂದೆ. ಅದು ನನ್ನ ಕೀಬೋರ್ಡಿನ ಕೆಳಗಿತ್ತು. ಅವನು ಗೋಡೆಯ ಮೇಲಿದ್ದ ನನ್ನ ಮಕ್ಕಳ ಫೋಟೋ ನೋಡುತ್ತ ನಿಂತ. "ಯಾವ ಸ್ಕೂಲು, ಭಾಯ್?" ನಾನು ಹೇಳಿಬಿಟ್ಟೆ. ಅವನು ಹೋದ ಮೇಲೆ ಆ ಫೋಟೋವನ್ನು ಗೋಡೆಯಿಂದ ತೆಗೆದು ಡ್ರಾಯರಿಗೆ ಹಾಕಿದೆ.

ಅದರ ಮರುದಿನ ವಿಷಯ ನಮ್ಮ ಅಂಗಡಿಯ ಯಜಮಾನರ ಕಿವಿಗೆ ಬಿತ್ತು. ಅವರು ಉಳ್ಳಾಲದವರು, ಜೋರು ಮಾತಾಡುವವರಲ್ಲ. "ನೋಡು ಮಾರಾಯ, ಅವರ ಜಗಳ ಅವರದ್ದು. ಅದರಲ್ಲಿ ನಿನ್ನ ಐಡಿ ಕಾರ್ಡಿನ ಸಿಪಿಆರ್ ನಂಬರ್ ಹಾಕಿ ಸೈನ್ ಮಾಡಿದ್ರೆ, ನಾಳೆ ಯಾರಾದ್ರೂ ಕೇಳ್ಕೊಂಡು ಬಂದ್ರೆ ನಾನು ಎಂತ ಹೇಳುದು? ನಿನಗೆ ಹೆಂಡತಿ ಮಕ್ಕಳು ಉಂಟಲ್ಲ?" ಅವರು ಹೇಳಿದ್ದರಲ್ಲಿ ಸುಳ್ಳಿರಲಿಲ್ಲ. ಹಲಗೆಯ ಆಚೆ ಮಿಷನ್ ಓಡುತ್ತಿತ್ತು. ಅವಳು ನನ್ನನ್ನು ಕೇಳಲು ಬರಲಿಲ್ಲ. ನಾನೂ ಹೋಗಲಿಲ್ಲ.

ಮೂರನೆಯ ದಿನ ಮಿಷನ್ನಿನ ಸದ್ದೇ ಕೇಳಲಿಲ್ಲ. ಮಧ್ಯಾಹ್ನದವರೆಗೆ ಕಾದು ನಾನೇ ಒಳಗೆ ಹೋದೆ. ಅರ್ಧ ಹೊಲಿದ ನೀಲಿ ಅಂಗಿಯೊಂದನ್ನು ಮಡಿಲಲ್ಲಿಟ್ಟುಕೊಂಡು ಕುಳಿತಿದ್ದಳು. ಅವಳ ತಮ್ಮ ಹಿಂದಿನ ದಿನ ಬೀಜದ ಭತ್ತ ತರಲು ಹೋಗಿದ್ದವನು ಬಂದಿರಲಿಲ್ಲ. ಅವನ ಬೈಕು ಸೇತುವೆಯ ಬಳಿ ನಿಂತಿತ್ತು. ಬೀಗ ಹಾಕಿತ್ತು, ಏನೂ ಆಗಿರಲಿಲ್ಲ. ಹಾಗೆ ಏನೂ ಆಗದೆ ನಿಂತಿರುವುದೇ ತನಗೆ ಭಯ ಎಂದಳು.

ನಾನು ವಾಪಸು ಬಂದು ಆ ಹೇಳಿಕೆಯನ್ನು ತೆಗೆದು ಸಹಿ ಹಾಕಿದೆ. ನನ್ನ ಪೂರ್ತಿ ಹೆಸರು, ಸಿಪಿಆರ್ ನಂಬರು, ಎಲ್ಲವನ್ನೂ ಬರೆದೆ. ಓರೆಯಾದ ಪ್ರತಿಯನ್ನು ಜೊತೆಗೆ ಪಿನ್ ಮಾಡಿದೆ. ಅವಳು ಓದಿ ನೋಡಿ, ಮಡಿಚಿ, ಅಂಗಿಯೊಳಗೆ ಇಟ್ಟುಕೊಂಡಳು.

ಊರಿಗೆ ಹೋಗಬೇಡ, ಕಾಗದವನ್ನು ಬೇರೆಯವರ ಕೈಲಿ ಕಳಿಸು ಎಂದು ಅವಳ ಕಡೆಯವರೆಲ್ಲ ಹೇಳಿದರು. ನಾನೂ ಹೇಳಿದೆ.

"ಮಿಸ್ಟರ್ ಪೇಪರ್, ಹನ್ನೊಂದು ಮನೆಗಳನ್ನು ಒಬ್ಬಳೇ ಬರೆದೆ. ಇಲ್ಲಿ ಕೂತು ಹೇಗೆ ಅಳಿಸಲಿ?"

ಆ ವಾರವೇ ಹೊರಟಳು. ಮಿಷನ್ನನ್ನು ಒಬ್ಬ ಬಂಗಾಳಿಗೆ ಕೊಟ್ಟಳು.

ಹನ್ನೆರಡು ದಿನಗಳ ಮೇಲೆ ಫೋನು ಬಂತು, ಒಮ್ಮೆ ಮಾತ್ರ. ಊರು ಎರಡು ದಿನ ಸಭೆ ಕೂತಿತಂತೆ. ಪ್ರತಿ ಮನೆಯೆದುರೂ ನಿಂತು, ನಿಮ್ಮ ಹೆಸರು ಬರೆದವಳು ನಾನು, ಮಾಂಸದ ಪಾಲಿಗೆಂದು ಬರೆದೆ, ನೆಲಕ್ಕೆಂದು ಅಲ್ಲ ಎಂದು ಹೇಳಿದಳಂತೆ. ಹನ್ನೊಂದೂ ಮನೆಗಳವರು ಎದ್ದು ಇಲ್ಲ ಎಂದರಂತೆ. ವಿಚಾರಣೆಗೆ ಬಂದ ಅಧಿಕಾರಿ ನನ್ನ ಸಾಕ್ಷಿಯನ್ನು ಗಟ್ಟಿಯಾಗಿ ಓದಿ, ಪಟ್ಟಿಯನ್ನು ಸದ್ಯಕ್ಕೆ ಬದಿಗಿಟ್ಟನಂತೆ.

"ನಿನ್ನ ಹೆಸರು ಹೇಳಲು ಅವನ ನಾಲಿಗೆ ತಿರುಗಲಿಲ್ಲ," ಎಂದು ನಕ್ಕಳು. ಆಮೇಲೆ ಕೇಳಿದಳು: "ಸಹಿ ಹಾಕುವಾಗ ಹೆದರಿಕೆಯಾಯಿತಾ?"

ಆಯಿತು ಎಂದೆ. ಆ ಮೂರು ದಿನಗಳ ಮಾತು ಬಾಯಿಗೆ ಬಂದಿತ್ತು. ಅದನ್ನು ಬಿಟ್ಟು ತಮ್ಮನ ಬಗ್ಗೆ ಕೇಳಿದೆ.

"ಇನ್ನೂ ಇಲ್ಲ. ನಾಳೆ ನಾನೇ ಸೇತುವೆಯ ಆಚೆ ಹೋಗಿ ವಿಚಾರಿಸುತ್ತೇನೆ."

ಇಂದಿಗೆ ಒಂಬತ್ತು ತಿಂಗಳು. ಆ ನಂಬರಿಗೆ ಕರೆ ಹೋಗುತ್ತಿಲ್ಲ. ಅವಳ ಕಡೆಯವರನ್ನು ಕೇಳಿದರೆ, ಕೆಲವರು ಮಾತು ಬದಲಿಸುತ್ತಾರೆ, ಕೆಲವರು ಬಾಗಿಲ ಕಡೆ ನೋಡುತ್ತಾರೆ. ಹೊಳೆ ಇನ್ನೂ ಹರಿಯುತ್ತಿದೆ ಎಂದಷ್ಟೇ ಒಬ್ಬಳು ಹೇಳಿದಳು. ನಾನು ಮೊದಲ ದಿನವೇ ಸಹಿ ಹಾಕಿದ್ದರೆ ತಮ್ಮ ಉಳಿಯುತ್ತಿದ್ದನೇ, ಅವಳು ಇಲ್ಲಿಯೇ ಇರುತ್ತಿದ್ದಳೇ, ನನಗೆ ಗೊತ್ತಿಲ್ಲ. ಗೊತ್ತಿದ್ದವಳು ಇದ್ದರೆ ಅವಳೊಬ್ಬಳೇ. ಮೂರು ದಿನ ಯಾಕೆ ತಡಮಾಡಿದೆ ಎಂದು ಅವಳು ಫೋನಿನಲ್ಲಿ ಕೇಳಲಿಲ್ಲ, ನಾನೂ ಹೇಳಲಿಲ್ಲ.