ಅಂಕಿತವಿಲ್ಲದ ಪದಗಳು

ಸನ್ನತಿಯ ಅಂಬಿಗ ಭೀಮಶಾನಿಗೆ ಗುರುವಿರಲಿಲ್ಲ, ಮೇಳವಿರಲಿಲ್ಲ. ಇದ್ದದ್ದು ಒಂದು ಏಕತಾರಿ. ಪೊಲೀಸ್ ಆಕ್ಷನ್ ಆದ ಮರುವರ್ಷದಿಂದ ವಾಡಿ, ಶಹಾಬಾದ್, ಸೇಡಂ ಎಂದು ಒಬ್ಬನೇ ತಿರುಗಿ, ತಾನೇ ಕಟ್ಟಿದ ಪದಗಳನ್ನು ಹಾಡುತ್ತಿದ್ದ. ಅವನು ಚಿತ್ತಾಪುರಕ್ಕೆ ಬಂದರೆ ಸಾಕು, ನನ್ನ ಭಜನಾ ಮೇಳದ ಮುಂದೆ ಕುಳಿತವರೆಲ್ಲ ಎದ್ದು ಹೋಗುತ್ತಿದ್ದರು. ನನ್ನ ಹೆಂಡತಿ ಶರಣಬಸಮ್ಮ ಕೂಡ ರೊಟ್ಟಿ ಬಡಿಯುತ್ತ ಅವನ ಪದವನ್ನೇ ಗುನುಗುವಳು. ನಾನು ಅರ್ಧ ರೊಟ್ಟಿಗೇ ಕೈ ತೊಳೆದು ಎದ್ದುಬಿಡುತ್ತಿದ್ದೆ.

ಪದದ ಕೊನೆಯ ನುಡಿಯಲ್ಲಿ ಕಟ್ಟಿದವನ ಅಂಕಿತ ಇರಬೇಕು. ಈ ಪುಣ್ಯಾತ್ಮ ತನ್ನ ಹೆಸರನ್ನೇ ಹಾಕುತ್ತಿರಲಿಲ್ಲ. ಹೆಸರಿಲ್ಲದ ಪದ ಯಾರಪ್ಪನ ಸ್ವತ್ತು? ಅವನದೊಂದು ಪದಕ್ಕೆ ‘ಮಡಿವಾಳ’ ಎಂದು ನನ್ನ ಹೆಸರು ಸೇರಿಸಿ ಚಿಂಚೋಳಿಯಲ್ಲಿ ಹಾಡಿದೆ. ಶಾಲು ಹೊದಿಸಿದರು.

ಮುಂದಿನ ತಿಂಗಳು ವಾಡಿ ಸ್ಟೇಷನ್ನಿನಲ್ಲಿ ಭೀಮಶಾ ಅದೇ ಪದ ಹಾಡುತ್ತಿದ್ದ. ಕೊನೆಯಲ್ಲಿ ‘ಮಡಿವಾಳ’ ಎಂದ. ನಾನು ಕಂಬದ ಮರೆಗೆ ಸರಿದರೂ ಕಂಡುಬಿಟ್ಟ.

“ಬರ್ರಿ ಅಯ್ಯನೋರ, ಕುಂದ್ರಿ. ನಿಮ್ಮ ಹೆಸರು ತಾಳಕ್ಕ ಭಾಳ ಚಂದ ಕುಂತದ. ಈಗ ಎಲ್ಲಾ ಪದಕ್ಕೂ ಅದನ್ನೇ ಹಾಕಾಕತ್ತೀನಿ.”

ನನ್ನ ಬಾಯಲ್ಲಿ ಆ ಹೆಸರು ಅಷ್ಟು ಇಂಪಾಗಿ ಎಂದೂ ಬಂದಿರಲಿಲ್ಲ. ಅಂದಿನಿಂದ ನನಗೆ ನನ್ನ ಹೆಸರಿನ ಮೇಲೂ ಹೊಟ್ಟೆಕಿಚ್ಚು.